ಕಲ್ಲಿನ ಕಥೆಗೆ ಬಣ್ಣ ಬಂದ ವರ್ಷ

ಅರಸೀಕೆರೆ ಸಮೀಪದ ಹಾರನಹಳ್ಳಿಯ ಲಕ್ಷ್ಮೀನರಸಿಂಹ ಗುಡಿಯನ್ನು ಎಳೆಬಿಸಿಲಲ್ಲಿ ನೋಡಬೇಕು. 1235ರಲ್ಲಿ ಪೆದ್ದಣ್ಣ ಹೆಗ್ಗಡೆ, ಸೋವಣ್ಣ, ಕೇಶಣ್ಣ ಎಂಬ ಅಣ್ಣತಮ್ಮಂದಿರು ಕಟ್ಟಿಸಿದ ಗುಡಿಯಿದು. ಬಳಪದ ಕಲ್ಲಿನದು ಒಂದೇ ಬಣ್ಣ. ಆದರೂ ವಿಗ್ರಹದ ಕೊರಳ ಹಾರದ ಒಂದೊಂದು ಮಣಿಯ ಕೆಳಗೂ ನೆರಳು ಕೂತಾಗ ಗೋಡೆಗೆ ಜೀವ ಬರುತ್ತದೆ. ಕನ್ನಡ ತೆರೆಗೆ ಮೊದಲ ಬಾರಿ ಪೂರ್ತಿ ಬಣ್ಣ ತಂದದ್ದು ಇಂಥ ಕಲ್ಲು ಕಡೆದವನ ಕಥೆಯೇ.

1964ರಲ್ಲಿ ಬಂದ ‘ಅಮರಶಿಲ್ಪಿ ಜಕಣಾಚಾರಿ’ ಆ ಚಿತ್ರ. ನಿರ್ದೇಶಕ ಬಿ.ಎಸ್. ರಂಗಾ ಮೂಲತಃ ಕ್ಯಾಮೆರಾ ಹಿಡಿದವರು. ಮದರಾಸಿನ ವಿಕ್ರಂ ಸ್ಟುಡಿಯೊ ಕಟ್ಟಿದವರು. ಕಲ್ಯಾಣ್‌ಕುಮಾರ್ ಶಿಲ್ಪಿಯಾದರು, ಬಿ. ಸರೋಜಾದೇವಿ ನಾಯಕಿ, ಸಂಗೀತ ಎಸ್. ರಾಜೇಶ್ವರರಾವ್ ಅವರದು. ಬೇಲೂರಿನ ಮದನಿಕೆಗಳ ಅಡಿಯಲ್ಲಿ ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣನ ಹೆಸರುಗಳಿವೆ. ಬೇಲೂರಿನ ಶಿಲ್ಪಿಯೆಂದು ಹೇಳುವ ಜಕಣಾಚಾರಿ ಮಾತ್ರ ಜನರ ಬಾಯಲ್ಲಿ ಬೆಳೆದ ಹೆಸರು. ಆ ಐತಿಹ್ಯಕ್ಕೆ ರಂಗಾ ಈಸ್ಟ್‌ಮನ್ ಕಲರ್ ತೊಡಿಸಿದರು. ಹೊರದೇಶದಿಂದ ತರಿಸಬೇಕಾದ ಬಣ್ಣದ ಫಿಲ್ಮು ಆಗ ದುಬಾರಿ. ಅದೇ ಕಥೆಯನ್ನು ಅದೇ ವರ್ಷ ಅಕ್ಕಿನೇನಿ ನಾಗೇಶ್ವರರಾವ್ ನಾಯಕತ್ವದಲ್ಲಿ ತೆಲುಗಿಗೂ ತಂದರು.

ಅದೇ 1964ರಲ್ಲಿ, ಅದೇ ಈಸ್ಟ್‌ಮನ್ ಕಲರ್‌ನಲ್ಲಿ, ಫ್ರಾನ್ಸಿನ ಝಾಕ್ ಡೆಮಿ ‘ಶೆರ್ಬುರ್ಗ್‌ನ ಕೊಡೆಗಳು’ ಚಿತ್ರ ಕೊಟ್ಟು ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆದರು. ಮೊದಲ ದೃಶ್ಯದಲ್ಲಿ ಕ್ಯಾಮೆರಾ ಬಂದರಿನಿಂದ ಕೆಳಕ್ಕೆ ಬಾಗಿ, ಮೇಲಿನಿಂದ ನೇರ ಬೀದಿಯನ್ನೇ ದಿಟ್ಟಿಸುತ್ತದೆ. ಮಳೆಗೆ ತೋಯ್ದ ಕಲ್ಲುಹಾಸಿನ ಮೇಲೆ ಬಣ್ಣಬಣ್ಣದ ಕೊಡೆಗಳು ಹಾದುಹೋಗುತ್ತವೆ. ಕೊಡೆ ಹಿಡಿದವರ ಮುಖ ಕಾಣುವುದಿಲ್ಲ. ಗ್ಯಾರೇಜಿನ ಹುಡುಗ, ಕೊಡೆ ಅಂಗಡಿಯ ಹುಡುಗಿ ಎಲ್ಲರೂ ಆಡುವ ಮಾತಷ್ಟೂ ಮಿಶೆಲ್ ಲೆಗ್ರಾನ್ ರಾಗದಲ್ಲಿ ಹಾಡಾಗಿದೆ. ಮಾತೇ ಹಾಡಾದ ಮೇಲೆ ಗೋಡೆ ಸುಮ್ಮನಿರಲಾದೀತೆ? ಕಲಾ ನಿರ್ದೇಶಕ ಬರ್ನಾರ್ ಎವೆನ್ ಗೋಡೆಗಳಿಗೆ ಗಾಢ ಗುಲಾಬಿ, ಹಸಿರು ಬಳಿಸಿದರು. ಹುಡುಗಿ ತಾನು ಬೆಳೆದ ಮನೆಯಿಂದ ಬೇರೆಯಲ್ಲ ಎನ್ನುವಂತೆ, ಆ ಪಾತ್ರದ ಕ್ಯಾಥರಿನ್ ದೆನವ್ ಉಡುಪಿನ ಹೂವು ಗೋಡೆಕಾಗದದ ಹೂವಿನೊಡನೆ ಬೆರೆತುಹೋಗುತ್ತದೆ. ಮೂಡಲಪಾಯ ಯಕ್ಷಗಾನದ ಆಟ ನೋಡಿ ಬೆಳೆದವರಿಗೆ ಇದು ಹೊಸದೇನಲ್ಲ. ಅಲ್ಲಿಯೂ ಭಾಗವತರ ಪದ, ಕಿರೀಟ, ಮುಖದ ಬಣ್ಣ ಸೇರಿಯೇ ಪಾತ್ರವಾಗುವುದು.

ಆ ಕಾಲದ ಈಸ್ಟ್‌ಮನ್ ನೆಗೆಟಿವ್‌ನ ಬಣ್ಣ ಮಾಸುತ್ತದೆ. ಅದನ್ನರಿತ ಡೆಮಿ ಮೂರು ಬಣ್ಣಗಳನ್ನು ಬಿಡಿಸಿ ಮೂರು ಕಪ್ಪು–ಬಿಳುಪು ಪ್ರತಿಗಳಾಗಿ ಇರಿಸಿದ್ದರು. 1990ರಲ್ಲಿ ಅವರು ತೀರಿಕೊಂಡ ಬಳಿಕ ಹೆಂಡತಿ ಆನ್ಯೆಸ್ ವಾರ್ದಾ ಮುಂದೆ ನಿಂತು ಅವುಗಳಿಂದಲೇ ಚಿತ್ರಕ್ಕೆ ಮತ್ತೆ ಬಣ್ಣ ತುಂಬಿಸಿದರು.

ಬಳಪದ ಕಲ್ಲು ಗಣಿಯಿಂದ ಬಂದಾಗ ಮೆದು, ಗಾಳಿ ತಾಕಿದ ಮೇಲೆ ಗಟ್ಟಿ. ಫಿಲ್ಮಿಗೆ ಆ ಭಾಗ್ಯವಿಲ್ಲ. ಹಾರನಹಳ್ಳಿಯ ಗೋಡೆಯನ್ನು ಕಾಯುವ ನಾವು, ನಮ್ಮ ಮೊದಲ ಬಣ್ಣದ ಚಿತ್ರವನ್ನೂ ಅದೇ ಜತನದಿಂದ ಕಾಯಬೇಕು.