ಹಾರುವ ಓತಿ ಸಿಕ್ಕಿತೋ ಇಲ್ಲವೋ?

ಕಳೆದ ಜೂನ್ ತಿಂಗಳು. ಶಾಲೆಯಲ್ಲಿ ಪ್ರವೇಶದ ಗದ್ದಲ. ಮಗನನ್ನು ಎಂಟನೆಯ ಇಯತ್ತೆಗೆ ಹಚ್ಚಲು ಬಂದಿದ್ದ ಹೆಣ್ಣುಮಗಳೊಬ್ಬಳು ಅರ್ಜಿ ತುಂಬಿ ಕೊಟ್ಟ ಮೇಲೂ ಅಲ್ಲಿಯೇ ನಿಂತಿದ್ದಳು. ‘ಯಾಕ ತಂಗಿ, ಮತ್ತೇನರ ಕೇಳೂದೈತೇನು?’ ಎಂದೆ.

‘ಸರ, ನಾ ನಿಮ್ಮ ಕೈಯಾಗ ಕಲ್ತಾಕಿ. ಒಂಬತ್ತನೇತ್ಯಾಗ ನೀವು ನನ್ನ ಪುಸ್ತಕ ಕಸಗೊಂಡಿದ್ರಿ. ಅದರಾಗಿನ ಹಾರೂ ಓತಿ ಕಡೀಕ ಸಿಕ್ತೋ ಇಲ್ಲೋ?’

ನನಗೆ ಮಾತು ಹೊರಡಲಿಲ್ಲ. ಸುಮಾರು ಇಪ್ಪತ್ತೈದು ವರ್ಷಗಳ ಹಿಂದಿನ ಮಾತು. ನಾನು ಬೆಳಕಿನ ವಕ್ರೀಭವನ ಕಲಿಸುತ್ತಿದ್ದೆ. ಈಕೆ ಪಠ್ಯಪುಸ್ತಕದ ಮರೆಯಲ್ಲಿ ಕಾದಂಬರಿ ಓದುತ್ತಿದ್ದಳು. ‘ಕಾದಂಬರಿ ಓದಿದರೆ ವಿಜ್ಞಾನ ತಲೆಗೆ ಹತ್ತುವುದೇ?’ ಎಂದು ಎಲ್ಲರೆದುರು ಬೈದು, ಪುಸ್ತಕವನ್ನು ಕಸಿದು ಕಪಾಟಿನಲ್ಲಿಟ್ಟೆ. ಕೊಡುವುದು ಮರೆತೇಹೋಯಿತು. ಅದು ಸೋದರಮಾವನಿಂದ ಎರವಲು ತಂದ ಪುಸ್ತಕವಂತೆ. ಆಮೇಲೆ ಆಕೆ ಯಾರ ಹತ್ತಿರವೂ ಪುಸ್ತಕ ಕೇಳಲಿಲ್ಲ. ಹತ್ತನೆಯದು ಮುಗಿಸಿ, ಮದುವೆಯಾಗಿ ಬೇರೆ ಊರಿಗೆ ಹೋದಳು.

ಕೆಲವು ವರ್ಷಗಳ ಮೇಲೆ ಕಪಾಟು ಸ್ವಚ್ಛ ಮಾಡುವಾಗ ಆ ಪುಸ್ತಕ ಕೈಗೆ ಬಂತು. ಕೆ.ಪಿ. ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’, 1980ರಲ್ಲಿ ಬಂದ ಕಾದಂಬರಿ. ಏನಿದೆಯೋ ನೋಡೋಣವೆಂದು ಹಿಡಿದವನು ರಾತ್ರಿಯೆಲ್ಲ ಕುಳಿತು ಮುಗಿಸಿದೆ. ಅದರಲ್ಲಿ ಒಬ್ಬ ವಿಜ್ಞಾನಿ, ಜೇನು ಹಿಡಿಯುವ ಮಂದಣ್ಣ, ಅವರೆಲ್ಲ ಹುಡುಕಿಕೊಂಡು ಹೊರಡುವ ಒಂದು ಹಾರುವ ಓತಿ! ಜೀವವಿಕಾಸವನ್ನು ನಾನು ಕಪ್ಪು ಹಲಗೆಯ ಮೇಲೆ ನಾಲ್ಕು ಸಾಲಿನಲ್ಲಿ ಮುಗಿಸುತ್ತಿದ್ದೆ. ಅದೇ ವಿಷಯ ಇಲ್ಲಿ ಕಾಡಿನ ಕುತೂಹಲವಾಗಿ ಬಂದಿತ್ತು. ವಿಜ್ಞಾನದ ಹೆಸರಿನಲ್ಲಿ ನಾನು ವಿಜ್ಞಾನವನ್ನೇ ಕಸಿದುಕೊಂಡಿದ್ದೆ.

ಹಾರುವ ಓತಿ ಕಟ್ಟುಕಥೆಯಲ್ಲ. ಪಶ್ಚಿಮ ಘಟ್ಟದ ಕಾಡುಗಳಲ್ಲಿ ಇಂದಿಗೂ ಇದೆ. ಅದು ಹಕ್ಕಿಯಂತೆ ರೆಕ್ಕೆ ಬಡಿಯುವುದಿಲ್ಲ. ಉದ್ದವಾದ ಪಕ್ಕೆಲುಬುಗಳನ್ನು ಅಗಲಿಸಿ, ಅವುಗಳ ನಡುವಿನ ಚರ್ಮವನ್ನು ಕೊಡೆಯಂತೆ ಬಿಚ್ಚಿ, ಮರದಿಂದ ಮರಕ್ಕೆ ತೇಲುತ್ತದೆ. ಕಾದಂಬರಿ ಓದದಿದ್ದರೆ ನಾನು ಇದನ್ನು ಹುಡುಕಿ ತಿಳಿದುಕೊಳ್ಳುತ್ತಲೇ ಇರಲಿಲ್ಲ.

ಕಥೆ ಪುಸ್ತಕವೆಂದರೆ ಹೊತ್ತು ಕಳೆಯಲು, ಮಾಹಿತಿ ಪುಸ್ತಕವೆಂದರೆ ಅಂಕ ಗಳಿಸಲು ಎಂದು ನಾವು ಗೋಡೆ ಕಟ್ಟಿದ್ದೇವೆ. ನಮ್ಮ ದೊಡ್ಡ ಲೇಖಕರು ಇಂಥ ಗೋಡೆಯನ್ನು ಒಪ್ಪಿದವರಲ್ಲ. ‘ಚೋಮನ ದುಡಿ’ ಬರೆದ ಶಿವರಾಮ ಕಾರಂತರೇ ‘ವಿಜ್ಞಾನ ಪ್ರಪಂಚ’ದ ನಾಲ್ಕು ಸಂಪುಟಗಳನ್ನೂ ಬರೆದರು. ‘ಚಿರಸ್ಮರಣೆ’ ಬರೆದ ನಿರಂಜನರು ಕಿರಿಯರಿಗಾಗಿ ‘ಜ್ಞಾನ ಗಂಗೋತ್ರಿ’ ವಿಶ್ವಕೋಶದ ಏಳು ಸಂಪುಟಗಳನ್ನೂ, ಜಗತ್ತಿನ ಕಥೆಗಳ ‘ವಿಶ್ವಕಥಾಕೋಶ’ದ 25 ಸಂಪುಟಗಳನ್ನೂ ಸಂಪಾದಿಸಿದರು. ನಮಗೆ ಹತ್ತಿರದ ಕೊಲ್ಹಾಪುರದಲ್ಲಿ 1938ರಲ್ಲಿ ಹುಟ್ಟಿದ ಜಯಂತ ನಾರಳೀಕರರು ಖಗೋಳ ವಿಜ್ಞಾನಿ. ಅವರೂ ಮರಾಠಿಯಲ್ಲಿ ವಿಜ್ಞಾನದ ಕಥೆಗಳನ್ನು ಬರೆದರು. ಗಡಿಭಾಗದ ನಮ್ಮ ಮಕ್ಕಳಲ್ಲಿ ಅನೇಕರಿಗೆ ಎರಡೂ ಭಾಷೆ ಬರುತ್ತವೆ. ಇದು ನಮ್ಮ ಭಾಗ್ಯವೇ ಸರಿ.

ಹಾಗಾದರೆ ಪುಸ್ತಕ ಆರಿಸುವುದು ಹೇಗೆ? ನಾನು ಮಕ್ಕಳಿಗೆ ಹೇಳುವ ಉಪಾಯ ಸರಳ. ಪುಸ್ತಕಗಳನ್ನು ಜೋಡಿ ಎತ್ತುಗಳಂತೆ ಹೂಡಿರಿ. ಒಂದು ಕಥೆ, ಅದಕ್ಕೆ ಹೊಂದುವ ಒಂದು ನಿಜಸಂಗತಿಯ ಪುಸ್ತಕ. ಕಾರಂತರ ‘ಬೆಟ್ಟದ ಜೀವ’ ಓದಿದಿರಾ? ಜೊತೆಗೆ ಬಿ.ಜಿ.ಎಲ್. ಸ್ವಾಮಿಯವರ ‘ಹಸುರು ಹೊನ್ನು’ ಹಿಡಿಯಿರಿ. ವಿದ್ಯಾರ್ಥಿಗಳನ್ನು ಕಟ್ಟಿಕೊಂಡು ಕಾಡು ಸುತ್ತಿದ ಸಸ್ಯಶಾಸ್ತ್ರದ ಮೇಷ್ಟ್ರ ಅನುಭವ ಅದು. 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆದ ಪುಸ್ತಕ. ನಗದೆ ಓದಿ ಮುಗಿಸಿದವರನ್ನು ನಾನು ಕಂಡಿಲ್ಲ. ‘ಚೋಮನ ದುಡಿ’ ಓದಿ ಕಣ್ಣು ಒದ್ದೆಯಾದವರು ಡಾ. ಅಂಬೇಡ್ಕರರ ಜೀವನಚರಿತ್ರೆ ಓದಲಿ. ಅವರು 1925ರಲ್ಲಿ ನಮ್ಮ ನಿಪ್ಪಾಣಿಗೇ ಬಂದಿದ್ದರು. ಶೇಡಬಾಳದ ಮಿರ್ಜಿ ಅಣ್ಣಾರಾಯರ ‘ನಿಸರ್ಗ’ದಲ್ಲಿ ನಮ್ಮದೇ ಸೀಮೆಯ ಬದುಕಿದೆ. ಅದರೊಡನೆ ನಾಗೇಶ ಹೆಗಡೆಯವರ ‘ಇರುವುದೊಂದೇ ಭೂಮಿ’ ಓದಿದ ಹುಡುಗ, ಅತಿಯಾಗಿ ನೀರು ಉಣಿಸಿ ಸವಳಾಗುತ್ತಿರುವ ಅಪ್ಪನ ಕಬ್ಬಿನ ಹೊಲವನ್ನು ಬೇರೆ ಕಣ್ಣಿನಿಂದ ನೋಡುತ್ತಾನೆ.

ಪುಸ್ತಕ ಎಲ್ಲಿ ಸಿಗುತ್ತದೆ ಎಂಬ ಪ್ರಶ್ನೆಗೂ ಉತ್ತರವಿದೆ. 2020ರಲ್ಲಿ ಆರಂಭವಾದ ‘ಓದುವ ಬೆಳಕು’ ಕಾರ್ಯಕ್ರಮದಲ್ಲಿ 6ರಿಂದ 18 ವರ್ಷದ ಮಕ್ಕಳಿಗೆ ಗ್ರಾಮ ಪಂಚಾಯಿತಿ ಗ್ರಂಥಾಲಯದ ಸದಸ್ಯತ್ವವನ್ನು ಉಚಿತವಾಗಿ ಕೊಡಲಾಯಿತು. ನಿಮ್ಮೂರ ಗ್ರಂಥಾಲಯಕ್ಕೆ ಒಮ್ಮೆ ಹೋಗಿ ವಿಚಾರಿಸಿ. ಎಂದೂ ಕೈ ಹಾಕದ ಕಪಾಟಿನಿಂದ ಒಂದು ಪುಸ್ತಕ ತೆಗೆದು ಇಪ್ಪತ್ತು ಪುಟ ಓದಿ ನೋಡಿ. ಹಿಡಿಸದಿದ್ದರೆ ಮರಳಿ ಇಡಿ, ಅದೇನೂ ಅಪರಾಧವಲ್ಲ. ಮಹಾಬಳೇಶ್ವರಕ್ಕೆ ಹೋಗುವವರು ಹತ್ತಿರದ ಭಿಲಾರವನ್ನು ನೋಡಿ ಬರಬೇಕು. 2017ರಲ್ಲಿ ಪುಸ್ತಕಗಳ ಊರಾದ ಆ ಸ್ಟ್ರಾಬೆರಿ ಗ್ರಾಮದಲ್ಲಿ ಒಂದು ಮನೆಯಲ್ಲಿ ಇತಿಹಾಸ, ಇನ್ನೊಂದರಲ್ಲಿ ಕಾದಂಬರಿ, ಮತ್ತೊಂದರಲ್ಲಿ ಮಕ್ಕಳ ಸಾಹಿತ್ಯ. ಮನೆಯಿಂದ ಮನೆಗೆ ನಡೆದರೆ ಸಾಕು, ಓದಿನ ರುಚಿ ಬದಲಾಗುತ್ತದೆ.

ಪಾಲಕರಿಗೆ ಒಂದು ಮಾತು. ‘ಸರ, ಕಥಿ ಪುಸ್ತಕ ಓದಿದ್ರ ಮಾರ್ಕ್ಸ್ ಬರ್ತಾವೇನ್ರೀ?’ ಎಂದು ನೀವು ಕೇಳುತ್ತೀರಿ. ಪ್ರತಿ ಪುಸ್ತಕಕ್ಕೂ ಅಂಕ ಬರುತ್ತದೆಂದು ನಾನು ಸುಳ್ಳು ಹೇಳಲಾರೆ. ಆದರೆ ಪಾಠದ ಪ್ರಶ್ನೆಯನ್ನೇ ಅರ್ಥ ಮಾಡಿಕೊಳ್ಳದೆ ತಪ್ಪು ಉತ್ತರ ಬರೆಯುವ ಮಕ್ಕಳನ್ನು ನಾನು ಪ್ರತಿ ವರ್ಷ ಕಾಣುತ್ತೇನೆ. ಓದುವ ರೂಢಿ ಇದ್ದವರಿಗೆ ಆ ತೊಂದರೆ ಕಡಿಮೆ. ಮಗ ಪುಸ್ತಕ ಹಿಡಿದು ಕೂತರೆ ‘ಅಭ್ಯಾಸ ಆತೇನೋ?’ ಎನ್ನುವ ಮೊದಲು ‘ಅದರಾಗ ಏನೈತಿ, ನನಗೂ ಹೇಳು’ ಎನ್ನಿ. ಸಂಜೆ ಊಟದ ಹೊತ್ತಿಗೆ ಮೊಬೈಲ್ ಅತ್ತ ಇಟ್ಟು ಹತ್ತು ನಿಮಿಷ ಕೇಳಿಸಿಕೊಂಡರೆ ಸಾಕು.

ಇನ್ನು ಆ ಹೆಣ್ಣುಮಗಳ ಪ್ರಶ್ನೆ. ನಾನು ಉತ್ತರ ಹೇಳಲಿಲ್ಲ. ಮರುದಿನ ಮನೆಯಿಂದ ಆ ಹಳೆಯ ‘ಕರ್ವಾಲೊ’ ತಂದು ಆಕೆಯ ಮಗನ ಕೈಗೆ ಕೊಟ್ಟೆ. ‘ಇದು ನಿಮ್ಮವ್ವನ ಪುಸ್ತಕ. ಮೊದಲು ಅಕೀ ಓದಲಿ, ಆಮೇಲೆ ನೀ ಓದು’ ಎಂದೆ. ಒಂದು ವಾರದ ಮೇಲೆ ಹುಡುಗ ಬಂದ. ‘ಸರ, ಅವ್ವ ಓದಿ ಮುಗಿಸಿದಳು. ಓತಿ ಸಿಕ್ತೋ ಇಲ್ಲೋ ಅಂತ ಕೇಳಿದ್ರ ನನಗೂ ಹೇಳವಲ್ಲಳು. ನೀನೇ ಓದು ಅಂತಾಳ’ ಎಂದು ದೂರು ಹೇಳಿದ.

ಆಕೆ ಮಾಡಿದ್ದೇ ಸರಿ ಎಂದೆ.