ಜಾದವ್‌ಪುರಕ್ಕೆ ವರ್ಗವಾಯಿತು, ಮಕ್ಕಳ ಶಾಲೆ ಹೇಗೆ?

ದಕ್ಷಿಣ ಕೋಲ್ಕತ್ತದ ಜಾದವ್‌ಪುರದಲ್ಲಿ ರಾಜಾ ಸುಬೋಧ್ ಚಂದ್ರ ಮಲ್ಲಿಕ್ ರಸ್ತೆಯೊಂದರಲ್ಲೇ ಜಾದವ್‌ಪುರ ವಿಶ್ವವಿದ್ಯಾಲಯ, ಕೇಂದ್ರೀಯ ಗಾಜು ಮತ್ತು ಸೆರಾಮಿಕ್ ಸಂಶೋಧನಾ ಸಂಸ್ಥೆ, ಭಾರತೀಯ ರಾಸಾಯನಿಕ ಜೀವವಿಜ್ಞಾನ ಸಂಸ್ಥೆ ಇವೆ. ಸಿ.ವಿ. ರಾಮನ್ ಕೆಲಸ ಮಾಡಿದ್ದ ಇಂಡಿಯನ್ ಅಸೋಸಿಯೇಷನ್ ಫಾರ್ ದ ಕಲ್ಟಿವೇಷನ್ ಆಫ್ ಸೈನ್ಸ್ ಕೂಡ ಈಗ ಇರುವುದು ಇಲ್ಲೇ. ಇಂಥ ಕಡೆ ಕೆಲಸ ಸಿಕ್ಕಿ ಬೆಂಗಳೂರು, ಮೈಸೂರು, ಧಾರವಾಡದಿಂದ ಹೊರಟ ಕುಟುಂಬ ಮನೆ ಹುಡುಕುವ ಮೊದಲೇ ಮಕ್ಕಳ ಶಾಲೆಯ ಚಿಂತೆಗೆ ಬೀಳುತ್ತದೆ. ‘ಯಾವ ಬೋರ್ಡ್ ಒಳ್ಳೆಯದು?’ ಎಂದು ಎಲ್ಲರೂ ಕೇಳುತ್ತಾರೆ. ಅದಕ್ಕೂ ಮೊದಲು ಕೇಳಿಕೊಳ್ಳಬೇಕಾದವು ಎರಡು: ಅಲ್ಲಿ ಎಷ್ಟು ವರ್ಷ ಇರುತ್ತೇವೆ? ಮಗು ಈಗ ಎಷ್ಟನೇ ತರಗತಿ? ಇವೆರಡಕ್ಕೆ ಉತ್ತರ ಸಿಕ್ಕರೆ ಬೋರ್ಡಿನ ಪ್ರಶ್ನೆ ಮುಕ್ಕಾಲು ಪಾಲು ತಾನಾಗಿಯೇ ಬಗೆಹರಿಯುತ್ತದೆ.

ವಲಸೆ ಬಂದವರು ಈ ಬಡಾವಣೆಗೆ ಹೊಸಬರಲ್ಲ. 1947ರ ವಿಭಜನೆಯ ನಂತರ ಪೂರ್ವ ಬಂಗಾಳದಿಂದ ಬಂದ ನಿರಾಶ್ರಿತರು ಬಿಜಯಗಢದಂಥ ಕಾಲೊನಿಗಳನ್ನು ಕಟ್ಟಿಕೊಂಡಾಗ ಮನೆಗಳ ಜೊತೆಗೇ ಶಾಲೆಗಳನ್ನೂ ಕಟ್ಟಿಕೊಂಡರು. 1950ರಲ್ಲಿ ಬಿಜಯಗಢಕ್ಕೆ ಕಾಲೇಜೂ ಬಂತು. ಆದರೆ ಅವರು ಮನೆಯಲ್ಲಿ ಆಡುತ್ತಿದ್ದ ಭಾಷೆಯೇ ಶಾಲೆಯ ಭಾಷೆಯೂ ಆಗಿತ್ತು. ಕನ್ನಡದ ಮಗುವಿಗೆ ಆ ಅನುಕೂಲ ಇಲ್ಲ. ದೆಹಲಿಯಲ್ಲಿ ಕನ್ನಡ ಶಿಕ್ಷಣ ಸಂಸ್ಥೆಯ ಶಾಲೆಯಿದೆ, ಮುಂಬೈಯಲ್ಲಿ ಪಾಲಿಕೆಯೇ ಕನ್ನಡ ಶಾಲೆಗಳನ್ನು ನಡೆಸಿದೆ. ಜಾದವ್‌ಪುರಕ್ಕೆ ಹೊರಟವರು ಆ ನಿರೀಕ್ಷೆ ಇಟ್ಟುಕೊಳ್ಳಬಾರದು.

ಇರುವ ದಾರಿಗಳು ಮೂರು

ವರ್ಗಾವಣೆಯ ನೌಕರಿಯವರಿಗೆ ಎಲ್ಲಕ್ಕಿಂತ ಹೊಂದುವುದು ಕೇಂದ್ರೀಯ ವಿದ್ಯಾಲಯ. ಊರೂರು ತಿರುಗುವ ಕೇಂದ್ರ ಸರ್ಕಾರಿ ನೌಕರರ ಮಕ್ಕಳಿಗೆಂದೇ 1963ರಲ್ಲಿ ಶುರುವಾದ ವ್ಯವಸ್ಥೆ ಇದು. ಊರು ಬದಲಾದರೂ ಪಠ್ಯ ಬದಲಾಗುವುದಿಲ್ಲ. ಜಾದವ್‌ಪುರದವರಿಗೆ ಬಾಲಿಗಂಜ್‌ನ ಕೇಂದ್ರೀಯ ವಿದ್ಯಾಲಯ ಕೈಗೆಟಕುವ ದೂರದಲ್ಲಿದೆ; ಲೋಕಲ್ ರೈಲಿನಲ್ಲಿ ಢಾಕುರಿಯಾ ದಾಟಿದರೆ ಬಾಲಿಗಂಜ್ ನಿಲ್ದಾಣ. ಪ್ರವೇಶದಲ್ಲಿ ಕೇಂದ್ರ ನೌಕರರ ಮಕ್ಕಳಿಗೆ ಮೊದಲ ಆದ್ಯತೆ, ಕೇಂದ್ರದ ಸ್ವಾಯತ್ತ ಸಂಸ್ಥೆ ಮತ್ತು ಸಾರ್ವಜನಿಕ ಉದ್ಯಮಗಳವರಿಗೆ ಅದರ ನಂತರದ್ದು, ಆಮೇಲೆ ರಾಜ್ಯ ನೌಕರರು, ಉಳಿದವರೆಲ್ಲ ಕೊನೆಗೆ. ಕಳೆದ ಏಳು ವರ್ಷಗಳಲ್ಲಿ ಆದ ವರ್ಗಾವಣೆಗಳ ಸಂಖ್ಯೆಯೂ ಲೆಕ್ಕಕ್ಕೆ ಬರುತ್ತದೆ. ಒಂದನೇ ತರಗತಿಗೆ ಮಾರ್ಚ್ 31ಕ್ಕೆ ಆರು ವರ್ಷ ತುಂಬಿರಬೇಕು. ಬೇರೆ ಶಾಲೆಯಿಂದ ಬರುವವರಿಗೆ ಎರಡರಿಂದ ಮೇಲಿನ ತರಗತಿಗಳಲ್ಲಿ ಸೀಟು ಖಾಲಿ ಇದ್ದರೆ ಮಾತ್ರ ಪ್ರವೇಶ, ಒಂಬತ್ತನೆಯದಕ್ಕೆ ಪ್ರವೇಶ ಪರೀಕ್ಷೆಯೂ ಇದೆ.

ಎರಡನೆಯ ದಾರಿ ಖಾಸಗಿ ಶಾಲೆಗಳದ್ದು. ಐಸಿಎಸ್‌ಇ ಪಠ್ಯಕ್ಕೆ ಕೋಲ್ಕತ್ತದಲ್ಲಿ ಹಳೆಯ ಬೇರುಗಳಿವೆ. 1954ರಲ್ಲಿ ಬಾಲಿಗಂಜ್ ಕಡೆ ಶುರುವಾದ ಸೌತ್ ಪಾಯಿಂಟ್‌ನಂಥ ಹೆಸರಾಂತ ಶಾಲೆ ಈಗ ಸಿಬಿಎಸ್‌ಇಯಲ್ಲಿದೆ. ಎರಡೂ ಬೋರ್ಡುಗಳ ಶಾಲೆಗಳು ಕರ್ನಾಟಕದಲ್ಲೂ ಇರುವುದರಿಂದ ಎರಡು–ಮೂರು ವರ್ಷಕ್ಕೆ ಮರಳುವವರಿಗೆ ಇಲ್ಲಿ ಓದಿಸಿದ್ದು ವ್ಯರ್ಥವಾಗುವುದಿಲ್ಲ.

ಮೂರನೆಯದು ರಾಜ್ಯ ಬೋರ್ಡಿನ ಸರ್ಕಾರಿ ಮತ್ತು ಅನುದಾನಿತ ಶಾಲೆಗಳು. ಖರ್ಚು ತೀರಾ ಕಡಿಮೆ. ಎಂಟನೆಯವರೆಗೆ ಮಧ್ಯಾಹ್ನದ ಊಟವೂ ಉಂಟು. ಹೆಚ್ಚಿನವು ಬಂಗಾಳಿ ಮಾಧ್ಯಮದವು. ಹತ್ತನೆಯ ಪರೀಕ್ಷೆಗೆ ಅಲ್ಲಿ ಮಾಧ್ಯಮಿಕ್ ಎನ್ನುತ್ತಾರೆ, ಹನ್ನೆರಡನೆಯದಕ್ಕೆ ಉಚ್ಚ ಮಾಧ್ಯಮಿಕ್. ಅಲ್ಲೇ ನೆಲೆಸುವ ಮನಸ್ಸಿದ್ದು, ಮಗು ಇನ್ನೂ ಒಂದನೆಯದೋ ಎರಡನೆಯದೋ ಆಗಿದ್ದರೆ ಇದನ್ನು ತಳ್ಳಿಹಾಕಬೇಕಿಲ್ಲ.

ವರ್ಷ ಜನವರಿಗೆ ಶುರು

ಹೊಸಬರು ಎಡವುವುದು ಶೈಕ್ಷಣಿಕ ವರ್ಷದ ಲೆಕ್ಕದಲ್ಲಿ. ಕರ್ನಾಟಕದ ರಾಜ್ಯ ಪಠ್ಯದ ಶಾಲೆಗಳು ಜೂನ್ ಹೊತ್ತಿಗೆ ಬಾಗಿಲು ತೆರೆಯುತ್ತವೆ, ಸಿಬಿಎಸ್‌ಇಗೆ ಏಪ್ರಿಲ್. ಪಶ್ಚಿಮ ಬಂಗಾಳದ ರಾಜ್ಯ ಬೋರ್ಡಿನ ಶಾಲೆಗಳಲ್ಲಿ ಜನವರಿಯಿಂದ ಡಿಸೆಂಬರ್‌ವರೆಗೆ ಒಂದು ವರ್ಷ. ಧಾರವಾಡದಲ್ಲಿ ನಾಲ್ಕನೇ ತರಗತಿಗೆ ಸೇರಿ ನಾಲ್ಕು ತಿಂಗಳಾದ ಮಗು ಅಕ್ಟೋಬರಿನಲ್ಲಿ ಜಾದವ್‌ಪುರಕ್ಕೆ ಹೋಯಿತೆನ್ನಿ. ಅಲ್ಲಿನ ನಾಲ್ಕನೇ ತರಗತಿ ವಾರ್ಷಿಕ ಪರೀಕ್ಷೆಯ ಹೊಸ್ತಿಲಲ್ಲಿರುತ್ತದೆ. ಮರಳುವಾಗ ಇದೇ ಪೇಚು ತಿರುಗಿ ಬರುತ್ತದೆ: ಡಿಸೆಂಬರಿಗೆ ಐದನೆಯದು ಮುಗಿಸಿ ಊರಿಗೆ ಬಂದರೆ ಕರ್ನಾಟಕದ ಐದನೆಯದು ಇನ್ನೂ ನಡುವಿನಲ್ಲಿರುತ್ತದೆ. ಆದ್ದರಿಂದ ರಾಜ್ಯ ಬೋರ್ಡ್ ಆರಿಸಿಕೊಳ್ಳುವವರು ಜನವರಿಗೆ, ಉಳಿದವರು ಏಪ್ರಿಲ್‌ಗೆ ಸೇರುವಂತೆ ಹೊರಡುವ ತಿಂಗಳನ್ನು ಹೊಂದಿಸಿಕೊಂಡರೆ ಒಳ್ಳೆಯದು. ಕಚೇರಿಯಲ್ಲಿ ಕೇಳಿ ಎರಡು ತಿಂಗಳು ಮುಂದೂಡಿಸಿಕೊಳ್ಳುವುದು ಮಗುವಿನ ಒಂದು ವರ್ಷ ಕಳೆಯುವುದಕ್ಕಿಂತ ವಾಸಿ.

ಭಾಷೆಯ ಜೋಡಣೆ

ಕರ್ನಾಟಕದಲ್ಲಿ ಇಂಗ್ಲಿಷ್, ಕನ್ನಡ, ಹಿಂದಿ ಎಂದಿದ್ದ ಮಗು ಕೋಲ್ಕತ್ತದ ಸಿಬಿಎಸ್‌ಇ ಅಥವಾ ಐಸಿಎಸ್‌ಇ ಶಾಲೆಯಲ್ಲಿ ಹಿಂದಿಯನ್ನು ಎರಡನೆಯ, ಬಂಗಾಳಿಯನ್ನು ಮೂರನೆಯ ಭಾಷೆಯಾಗಿ ತೆಗೆದುಕೊಂಡರೆ ಹೊರೆ ಕಡಿಮೆ. ಕನ್ನಡ ಎರಡೂ ಬೋರ್ಡುಗಳ ವಿಷಯಪಟ್ಟಿಯಲ್ಲಿದೆ, ಆದರೆ ಕಲಿಸುವ ಶಿಕ್ಷಕರು ಶಾಲೆಯಲ್ಲಿ ಇರಬೇಕಲ್ಲ! ಕೇಂದ್ರೀಯ ವಿದ್ಯಾಲಯದಲ್ಲಿ ಕನಿಷ್ಠ 15 ಮಕ್ಕಳು ಬಯಸಿದರೆ ಅವರ ಮಾತೃಭಾಷೆಯನ್ನು ಹೆಚ್ಚುವರಿಯಾಗಿ ಕಲಿಸುವ ಏರ್ಪಾಡು ಉಂಟು. ಒಂದು ಶಾಲೆಯಲ್ಲಿ ಅಷ್ಟು ಕನ್ನಡದ ಮಕ್ಕಳನ್ನು ಕೂಡಿಸುವುದೇ ಕಷ್ಟ.

ಬಂಗಾಳಿಗೆ ಹೆದರಬೇಕಿಲ್ಲ. ಕ, ಖ, ಗ, ಘ ಎಂಬ ಕ್ರಮ ಅದೇ. ಕಾಗುಣಿತ, ಒತ್ತಕ್ಷರಗಳ ರೀತಿಯೂ ಪರಿಚಿತವೇ. ಗೊಂದಲ ಬರುವುದು ಉಕ್ತಲೇಖನದಲ್ಲಿ. ‘ಅ’ ಎಂದು ಬರೆದದ್ದನ್ನು ಹಲವೆಡೆ ‘ಒ’ ಎಂದು ಓದುತ್ತಾರೆ, ‘ವ’ ಮತ್ತು ‘ಬ’ ಎರಡಕ್ಕೂ ‘ಬ’ಕಾರವೇ. ಇದನ್ನು ಮೊದಲೇ ಹೇಳಿಕೊಟ್ಟರೆ ಮಗು ಬೇಗ ಹಿಡಿಯುತ್ತದೆ.

ಕನ್ನಡವನ್ನು ಮಾತ್ರ ಮನೆಯಲ್ಲೇ ಉಳಿಸಿಕೊಳ್ಳಬೇಕು. 2015ರ ಕನ್ನಡ ಭಾಷಾ ಕಲಿಕಾ ಅಧಿನಿಯಮದ ಪ್ರಕಾರ ಕರ್ನಾಟಕದ ಶಾಲೆಗಳಲ್ಲಿ ಕನ್ನಡ ಮೊದಲ ಅಥವಾ ಎರಡನೆಯ ಭಾಷೆಯಾಗಿ ಕಡ್ಡಾಯ. ಮೂರನೆಯದರಲ್ಲಿ ಊರು ಬಿಟ್ಟು ಎಂಟನೆಯದಕ್ಕೆ ಮರಳುವ ಮಗು ಓದಲು, ಬರೆಯಲು ಮರೆತಿದ್ದರೆ ತೊಂದರೆಯಾಗುವುದು ಆಗ. ಕರ್ನಾಟಕ ಪಠ್ಯಪುಸ್ತಕ ಸಂಘದ ಜಾಲತಾಣದಲ್ಲಿ ಕನ್ನಡ ಪಠ್ಯಗಳು ಉಚಿತವಾಗಿ ಸಿಗುತ್ತವೆ. ದೊಡ್ಡ ಮಕ್ಕಳಿಗೆ ಕನ್ನಡ ಸಾಹಿತ್ಯ ಪರಿಷತ್ತಿನ ಪ್ರವೇಶ, ಕಾವ, ಜಾಣ, ರತ್ನ ಪರೀಕ್ಷೆಗಳಿವೆ.

ಕಾಗದಪತ್ರ ಮತ್ತು ಕಾನೂನು

ಜನನ ಪ್ರಮಾಣಪತ್ರ, ಟಿಸಿ, ಕೊನೆಯ ತರಗತಿಯ ಅಂಕಪಟ್ಟಿ, ಆಧಾರ್, ವರ್ಗಾವಣೆ ಆದೇಶದ ಪ್ರತಿ ಇಷ್ಟು ಬೇಕಾಗುತ್ತವೆ. ಟಿಸಿಯನ್ನು ಇಂಗ್ಲಿಷಿನಲ್ಲಿ ಕೇಳಿ ಪಡೆಯಿರಿ, ಅದಕ್ಕೆ ಬಿಇಒ ಕಚೇರಿಯ ಮೇಲುಸಹಿಯನ್ನು ಊರು ಬಿಡುವ ಮುಂಚೆಯೇ ಹಾಕಿಸಿಕೊಳ್ಳಿ. ಆಮೇಲೆ ಅದಕ್ಕಾಗಿ ಕೋಲ್ಕತ್ತದಿಂದ ಬರುವುದು ದುಬಾರಿ. ಕರ್ನಾಟಕದ ವಿದ್ಯಾರ್ಥಿ ದಾಖಲೆಯ ಸ್ಯಾಟ್ಸ್ ಸಂಖ್ಯೆ ಹೊರರಾಜ್ಯದಲ್ಲಿ ನಡೆಯದು. ದೇಶದ ಶಾಲಾ ದಾಖಲೆ ವ್ಯವಸ್ಥೆಯಾದ ಯುಡೈಸ್ ಪ್ಲಸ್‌ನ 11 ಅಂಕಿಗಳ ಕಾಯಂ ಶಿಕ್ಷಣ ಸಂಖ್ಯೆಯನ್ನು ಬರೆದಿಟ್ಟುಕೊಳ್ಳಿ. ಹಳೆಯ ಶಾಲೆ ಆ ದಾಖಲೆಯಿಂದ ಮಗುವಿನ ಹೆಸರನ್ನು ಬಿಡುಗಡೆ ಮಾಡಿದ ಮೇಲೆಯೇ ಹೊಸ ಶಾಲೆ ಸೇರಿಸಿಕೊಳ್ಳಲು ಸಾಧ್ಯ.

2010ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ ಶಿಕ್ಷಣ ಹಕ್ಕು ಕಾಯ್ದೆ 6ರಿಂದ 14 ವರ್ಷದ ಮಕ್ಕಳ ಬೆನ್ನಿಗಿದೆ. 5ನೇ ಸೆಕ್ಷನ್ ಪ್ರಕಾರ ಮುಖ್ಯ ಶಿಕ್ಷಕರು ಟಿಸಿಯನ್ನು ಕೂಡಲೇ ಕೊಡಬೇಕು; ಟಿಸಿ ತಡವಾಯಿತೆಂದು ಹೊಸ ಶಾಲೆ ಪ್ರವೇಶ ನಿರಾಕರಿಸುವಂತಿಲ್ಲ. ವಯಸ್ಸಿನ ದಾಖಲೆ ಇಲ್ಲವೆಂದೋ (ಸೆಕ್ಷನ್ 14), ವರ್ಷದ ನಡುವೆ ಬಂದರೆಂದೋ (ಸೆಕ್ಷನ್ 15) ವಾಪಸ್ ಕಳಿಸುವಂತಿಲ್ಲ. ಆದರೆ ಹೀಗೆ ಶಾಲೆ ಬದಲಿಸುವ ಹಕ್ಕು ಇರುವುದು ಸರ್ಕಾರಿ ಮತ್ತು ಅನುದಾನಿತ ಶಾಲೆಗಳಿಗೆ ಮಾತ್ರ. ಅನುದಾನರಹಿತ ಖಾಸಗಿ ಶಾಲೆಯನ್ನೂ ಕೇಂದ್ರೀಯ ವಿದ್ಯಾಲಯವನ್ನೂ ಆ ಸೆಕ್ಷನ್‌ನಿಂದ ಹೊರಗಿಡಲಾಗಿದೆ.

ಪರಿಶಿಷ್ಟ ಜಾತಿ, ಪಂಗಡದವರು ಇನ್ನೊಂದು ಸಂಗತಿ ತಿಳಿದಿರಬೇಕು. ಒಂದು ರಾಜ್ಯದ ಪಟ್ಟಿಯ ಸ್ಥಾನಮಾನ ವಲಸೆ ಹೋದ ರಾಜ್ಯದಲ್ಲಿ ತಾನಾಗಿ ಸಿಗುವುದಿಲ್ಲ ಎಂದು 1990ರ ಮರ‍್ರಿ ಚಂದ್ರಶೇಖರ ರಾವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಒಂಬತ್ತನೆಯದರ ಗಡಿ

ಸಿಬಿಎಸ್‌ಇಯಲ್ಲಿ ಹತ್ತನೆಯ ಪರೀಕ್ಷೆಯ ನೋಂದಣಿ ಒಂಬತ್ತರಲ್ಲೇ ಆಗುತ್ತದೆ. ಹತ್ತು ಮತ್ತು ಹನ್ನೆರಡಕ್ಕೆ ನೇರ ಪ್ರವೇಶಕ್ಕೆ ಪೋಷಕರ ವರ್ಗಾವಣೆಯಂಥ ಕಾರಣ ತೋರಿಸಿ ಬೋರ್ಡಿನ ಒಪ್ಪಿಗೆ ಪಡೆಯಬೇಕು. ಹೀಗಾಗಿ ಎಂಟನೆಯದು ಮುಗಿದ ಮೇಲೆ ಅಥವಾ ಎಸ್‌ಎಸ್‌ಎಲ್‌ಸಿ ಮುಗಿದ ಮೇಲೆ ಹೊರಡುವುದು ಕ್ಷೇಮ. ನಡುವೆ ಸಿಕ್ಕಿಕೊಂಡವರಿಗೆ ರಾಷ್ಟ್ರೀಯ ಮುಕ್ತ ಶಾಲಾ ಸಂಸ್ಥೆಯ ದಾರಿಯಿದೆ, ಅಲ್ಲಿ ಕನ್ನಡವನ್ನೂ ವಿಷಯವಾಗಿ ಆರಿಸಿಕೊಳ್ಳಬಹುದು.

ಬಹಳ ಪೋಷಕರು ಮರೆಯುವುದು ಸಿಇಟಿಯನ್ನು. ಕರ್ನಾಟಕದ ಸರ್ಕಾರಿ ಕೋಟಾದ ಸೀಟಿಗೆ ಸಾಮಾನ್ಯ ನಿಯಮವೆಂದರೆ, ಒಂದರಿಂದ ಹನ್ನೆರಡರೊಳಗೆ ಕನಿಷ್ಠ ಏಳು ವರ್ಷ ರಾಜ್ಯದಲ್ಲಿ ಓದಿ, ಹತ್ತು ಅಥವಾ ಹನ್ನೆರಡನ್ನು ಇಲ್ಲೇ ಪಾಸಾಗಿರಬೇಕು. ಬೇರೆ ಕಲಮುಗಳಲ್ಲಿ ವಿನಾಯಿತಿಗಳೂ ಇವೆ. ಪರೀಕ್ಷಾ ಪ್ರಾಧಿಕಾರದ ಆಯಾ ವರ್ಷದ ಮಾಹಿತಿ ಪುಸ್ತಕ ನೋಡಬೇಕು. ಗ್ರಾಮೀಣ ಮತ್ತು ಕನ್ನಡ ಮಾಧ್ಯಮ ಮೀಸಲಾತಿಗೆ ಒಂದರಿಂದ ಹತ್ತರವರೆಗೂ ಓದಿರಬೇಕಾದ್ದರಿಂದ ನಡುವೆ ಊರು ಬಿಟ್ಟರೆ ಅದು ಕೈತಪ್ಪುತ್ತದೆ. ಊರಲ್ಲಿ ಓದಿದ ಪ್ರತಿ ವರ್ಷದ ವ್ಯಾಸಂಗ ಪ್ರಮಾಣಪತ್ರವನ್ನು ಜೋಪಾನ ಮಾಡಿ.

ಆದೇಶವಿಲ್ಲದೆ ಬಂದವರು

ಇಲ್ಲಿಯವರೆಗಿನದು ವರ್ಗಾವಣೆ ಆದೇಶ ಕೈಯಲ್ಲಿರುವವರ ಕತೆ. ಬಂಗಾಳದಿಂದ ಬೆಂಗಳೂರಿಗೆ ಕಟ್ಟಡ ಕೆಲಸಕ್ಕೆ, ಮನೆಗೆಲಸಕ್ಕೆ ಬಂದವರ ಮಕ್ಕಳಿಗೂ ಅದೇ ಶಿಕ್ಷಣ ಹಕ್ಕು ಕಾಯ್ದೆ ಅನ್ವಯಿಸುತ್ತದೆ. ವಲಸೆ ಕುಟುಂಬದ ಮಕ್ಕಳನ್ನು ಶಾಲೆಗೆ ಸೇರಿಸುವುದು ಸ್ಥಳೀಯ ಸಂಸ್ಥೆಯ ಹೊಣೆ ಎಂದು 9ನೇ ಸೆಕ್ಷನ್ ನೇರವಾಗಿ ಹೇಳಿದೆ. ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಿಕೊಂಡು, ಹಿಂದುಳಿದ ಪಾಠಕ್ಕೆ ವಿಶೇಷ ತರಬೇತಿ ಕೊಡಬೇಕೆಂಬುದು 4ನೇ ಸೆಕ್ಷನ್. ಕರ್ನಾಟಕದ ಟೆಂಟ್ ಶಾಲೆಗಳು, ಗುಳೆ ಹೋಗುವವರ ಮಕ್ಕಳಿಗಾಗಿ ತೆರೆದ ಋತುಮಾನ ವಸತಿ ನಿಲಯಗಳು ಹುಟ್ಟಿದ್ದು ಇಂಥದೇ ಅಗತ್ಯದಿಂದ. ಕೇರಳದ ಎರ್ನಾಕುಲಂನಲ್ಲಿ 2017ರಲ್ಲಿ ಶುರುವಾದ ‘ರೋಶ್ನಿ’ ಯೋಜನೆ, ಬಂಗಾಳಿ, ಹಿಂದಿ, ಒಡಿಯಾ ಬಲ್ಲವರನ್ನು ತರಗತಿಗೆ ಕರೆತಂದು ಮಕ್ಕಳ ಭಾಷೆಯಿಂದ ಮಲಯಾಳಕ್ಕೆ ಸೇತುವೆ ಹಾಕಿತು. ಬೆಂಗಳೂರಿನ ಶಾಲೆಗಳಿಗೂ ಬೇಕಾದದ್ದು ಅಂಥದೇ.

ಒಟ್ಟಿನಲ್ಲಿ ಮೂರು ವರ್ಷದೊಳಗೆ ಮರಳುವವರಿಗೆ ಕೇಂದ್ರೀಯ ವಿದ್ಯಾಲಯ ಇಲ್ಲವೇ ಸಿಬಿಎಸ್‌ಇ, ನೆಲೆಸುವವರ ಪುಟ್ಟ ಮಕ್ಕಳಿಗೆ ಬಂಗಾಳಿ ಕಲಿಸುವ ಯಾವುದೇ ಒಳ್ಳೆಯ ಶಾಲೆ, ಒಂಬತ್ತು–ಹತ್ತರಲ್ಲಿರುವ ಮಗುವಿಗೆ ಸಾಧ್ಯವಾದರೆ ಊರಲ್ಲೇ ಪರೀಕ್ಷೆ. ನಿಮ್ಮ ಮಗು ಸೀಟು ಹಿಡಿದ ಮೇಲೆ, ನಿಮ್ಮ ಬೀದಿಯಲ್ಲಿ ಕಟ್ಟಡ ಕಟ್ಟುವವರ ಮಗು ಯಾವ ಶಾಲೆಗೆ ಹೋಗುತ್ತಿದೆ ಎಂದು ಒಮ್ಮೆ ವಿಚಾರಿಸಿ. ಹೋಗುತ್ತಿಲ್ಲವಾದರೆ ಹತ್ತಿರದ ಸರ್ಕಾರಿ ಶಾಲೆಯ ಮುಖ್ಯ ಶಿಕ್ಷಕರಿಗೆ ತಿಳಿಸಿ. ದಾಖಲೆ ಇಲ್ಲವೆಂದು ಆ ಮಗುವನ್ನೂ ಅವರು ಹಿಂದೆ ಕಳಿಸುವಂತಿಲ್ಲ.