ಕಮಾನಿನ ಹಿಡಿತವೂ ಪದ್ಯದ ನಡೆಯೂ

೧

ಪಿಟೀಲೆಂಬುದು ಇಂಗ್ಲಿಷಿನ ಫಿಡ್ಲ್ ಶಬ್ದದ ತದ್ಭವ. ಅದನ್ನು ನುಡಿಸುವ ಸಾಧನಕ್ಕೆ ರೂಢಿಯಲ್ಲಿರುವ ಕಮಾನು ಎಂಬ ಹೆಸರು ಪಾರಸೀ ಭಾಷೆಯದು. ಬಿಲ್ಲೆಂದು ಅದರ ಅರ್ಥ. ಬಿರಡೆ, ಕುದುರೆ ಎಂಬ ಮಾತುಗಳಾದರೋ ವೀಣೆಗೂ ಪಿಟೀಲಿಗೂ ಸಮಾನವಾದುವು. ವಾದ್ಯವು ಹೊರಗಿನದಾದರೂ ಬಿಲ್ಲಿನಿಂದ ತಂತಿಯನ್ನು ಉಜ್ಜುವ ಕ್ರಮವು ಈ ನಾಡಿಗೆ ಹೊಸದಲ್ಲ. ೧೩ನೆಯ ಶತಮಾನದ ಶಾರ್ಙ್ಗದೇವನು ಸಂಗೀತರತ್ನಾಕರದಲ್ಲಿ ವರ್ಣಿಸಿರುವ ಪಿನಾಕೀ ವೀಣೆಗೆ ಕುದುರೆಯ ಬಾಲದ ಕೂದಲನ್ನು ಕಟ್ಟಿದ ಬಿಲ್ಲೇ ಸಾಧನ. ಪಾಶ್ಚಾತ್ಯ ಪಿಟೀಲನ್ನು ೧೯ನೆಯ ಶತಮಾನದ ಮೊದಲಲ್ಲಿ ದಕ್ಷಿಣದ ಸಂಗೀತಕ್ಕೆ ಅಳವಡಿಸಿದ ಕೀರ್ತಿ ಬಾಲುಸ್ವಾಮಿ ದೀಕ್ಷಿತರದು. ಮೈಸೂರಿನಲ್ಲಿ ಬಿಡಾರಂ ಕೃಷ್ಣಪ್ಪನವರ ಶಿಷ್ಯರಾದ ಟಿ. ಚೌಡಯ್ಯನವರು (೧೮೯೫–೧೯೬೭) ಏಳು ತಂತಿಗಳ ಪಿಟೀಲನ್ನು ರೂಪಿಸಿ, ಅದರ ನಾದವನ್ನು ದೊಡ್ಡ ಸಭೆಯ ಕೊನೆಯವರೆಗೆ ಮುಟ್ಟಿಸಿದರು.

ಎಡಗೈಯ ಬೆರಳು ಸ್ವರಸ್ಥಾನವನ್ನು ಮಾತ್ರ ನಿಶ್ಚಯಿಸುತ್ತದೆ. ಆ ಸ್ವರಕ್ಕೆ ಉಸಿರನ್ನೂ ಉಚ್ಚಾರವನ್ನೂ ಕೊಡತಕ್ಕದ್ದು ಬಲಗೈ. ಗಾಯಕನಿಗೆ ನಾಲಗೆಯೂ ಶ್ವಾಸವೂ ಹೇಗೋ ವೈಣಿಕನಿಗೆ ಮೀಟು ಹೇಗೋ ಹಾಗೆಯೇ ಪಿಟೀಲುವಾದಕನಿಗೆ ಕಮಾನು. ಆದುದರಿಂದ ಅದರ ಹಿಡಿತವು ಕೇವಲ ದೇಹಾಭ್ಯಾಸದ ವಿಷಯವಲ್ಲ. ಸಾಹಿತ್ಯದ ಸ್ಪಷ್ಟತೆಗೂ ಅದಕ್ಕೂ ನಿಕಟವಾದ ಸಂಬಂಧವುಂಟು.

೨

ಕರ್ಣಾಟಕ ಪದ್ಧತಿಯಲ್ಲಿ ವಾದಕನು ನೆಲದ ಮೇಲೆ ಕುಳಿತು ಪಿಟೀಲಿನ ತಲೆಯನ್ನು ಬಲಪಾದದ ಮೇಲೂ ಬುಡವನ್ನು ಎಡ ಎದೆಗೂ ಆನಿಸುತ್ತಾನೆ. ವಾದ್ಯವು ಎರಡು ಕಡೆ ನೆಲೆನಿಂತುದರಿಂದ ಎಡಗೈಗೆ ಗಮಕಗಳಲ್ಲಿ ಜಾರಲು ಅನುಕೂಲವಾಗುತ್ತದೆ. ಕಮಾನಿನ ಬುಡದಲ್ಲಿರುವ ಕರಿಯ ಮರದ ತುಂಡಿನ ಬಳಿ ಹೆಬ್ಬೆರಳನ್ನು ಸ್ವಲ್ಪ ಬಾಗಿಸಿ ಕಡ್ಡಿಗೆ ಆನಿಸಬೇಕು. ಅದಕ್ಕೆದುರಾಗಿ ನಡುಬೆರಳು, ಅದರ ಪಕ್ಕದಲ್ಲಿ ಉಂಗುರದ ಬೆರಳು. ತೋರುಬೆರಳು ಕಡ್ಡಿಯ ಮೇಲೆ ಒರಗಿರತಕ್ಕದ್ದು. ಕಿರುಬೆರಳ ತುದಿ ಕಡ್ಡಿಯನ್ನು ಮೇಲಿನಿಂದ ಮುಟ್ಟಿರತಕ್ಕದ್ದು. ಹೆಬ್ಬೆರಳು ಸೆಟೆದರೆ ಮಣಿಕಟ್ಟು ಸೆಟೆಯುತ್ತದೆ, ಮಣಿಕಟ್ಟು ಸೆಟೆದರೆ ನಾದವು ಒರಟಾಗುತ್ತದೆ.

ಬೆರಳುಗಳಿಗೆ ಈ ಕೆಲಸಗಳನ್ನು ಹಂಚಿರುವುದಕ್ಕೆ ಕಾರಣವು ತೂಕದ ನ್ಯಾಯ. ಕಮಾನಿನ ಬುಡವು ತಂತಿಯ ಮೇಲಿರುವಾಗ ಕೈಯ ಭಾರವೆಲ್ಲ ತಂತಿಗೆ ಬೀಳುತ್ತದೆ. ಆಗ ಕಿರುಬೆರಳು ಭಾರವನ್ನು ಎತ್ತಿ ಹಿಡಿಯಬೇಕು. ತುದಿಯು ತಂತಿಯ ಮೇಲಿರುವಾಗ ಭಾರವು ಸಾಲದು. ಆಗ ತೋರುಬೆರಳು ಒತ್ತಬೇಕು. ಬುಡದಿಂದ ತುದಿಗೆ ಎಳೆಯುವಾಗಲೂ ತುದಿಯಿಂದ ಬುಡಕ್ಕೆ ತಳ್ಳುವಾಗಲೂ ಈ ಎರಡು ಬೆರಳುಗಳ ಹೊಣೆ ಕ್ರಮಕ್ರಮವಾಗಿ ಬದಲಾಗುತ್ತಿರುವುದೇ ಸಮನಾದ ನಾದದ ರಹಸ್ಯ. ಹೊಸಬರು ತೋಳನ್ನು ಭುಜದಿಂದ ಮಾತ್ರ ಬೀಸುವರು. ಆಗ ಕಮಾನು ಕಮಾನಿನಂತೆಯೇ ಬಾಗಿ ಚಲಿಸಿ ಕುದುರೆಯಿಂದ ದೂರಕ್ಕೆ ಜಾರುತ್ತದೆ. ಮೊಣಕೈಯಿಂದ ಮುಂದೋಳನ್ನು ಚಾಚಿ ಮಣಿಕಟ್ಟನ್ನು ಹೊಂದಿಸಿಕೊಂಡರೆ ಅದು ಕುದುರೆಗೆ ಸಮಾನಾಂತರವಾಗಿ ನಡೆಯುವುದು.

೩

ರಾಳವನ್ನು ಹಚ್ಚಿದ ಕೂದಲು ತಂತಿಯನ್ನು ಹಿಡಿದು ತನ್ನೊಡನೆ ಒಯ್ಯುತ್ತದೆ, ಬಿಗಿತವು ಮಿತಿಮೀರಿದೊಡನೆ ತಂತಿಯು ಜಾರಿ ಹಿಂದಕ್ಕೆ ಬರುತ್ತದೆ, ಮತ್ತೆ ಹಿಡಿಯಲ್ಪಡುತ್ತದೆ. ಒಂದು ಸೆಕೆಂಡಿನಲ್ಲಿ ನೂರಾರು ಸಲ ನಡೆಯುವ ಈ ಹಿಡಿತ–ಜಾರುಗಳೇ ನಾದ. ಜರ್ಮನಿಯ ಹೆಲ್ಮ್‌ಹೋಲ್ಟ್ಸ್ ಈ ಚಲನೆಯನ್ನು ವಿವರಿಸಿದನು. ೧೯೧೮ರಲ್ಲಿ ಸಿ. ವಿ. ರಾಮನ್ನರು ಇದರ ಯಾಂತ್ರಿಕ ಸಿದ್ಧಾಂತವನ್ನು ಪ್ರಕಟಿಸಿ, ಆಮೇಲೆ ಯಂತ್ರದಿಂದ ಪಿಟೀಲನ್ನು ನುಡಿಸಿ ಒತ್ತಡವನ್ನು ಅಳೆದರು. ಕಮಾನು ಕುದುರೆಗೆ ಸಮೀಪಿಸಿದಷ್ಟೂ, ವೇಗವು ಹೆಚ್ಚಿದಷ್ಟೂ, ಹೆಚ್ಚಿನ ಒತ್ತಡವು ಬೇಕೆಂದು ಅದರಿಂದ ತಿಳಿಯಿತು. ಸ್ಥಾನ, ವೇಗ, ಒತ್ತಡ ಈ ಮೂರರಲ್ಲಿ ಒಂದನ್ನು ಬದಲಾಯಿಸಿದರೆ ಉಳಿದವುಗಳನ್ನೂ ಹೊಂದಿಸಬೇಕೆಂದು ಗುರುಗಳು ಹೇಳುವ ಮಾತಿಗೆ ಇದೇ ಆಧಾರ.

೪

ಕಡೂರು, ತರೀಕೆರೆ, ಅಜ್ಜಂಪುರದ ಸೀಮೆಯಲ್ಲಿ ಈ ಅಭ್ಯಾಸವನ್ನು ಮಾಡುವವರಿಗೆ ಒಳ್ಳೆಯದೊಂದು ಉಪಕರಣವು ಮನೆಯ ಬಾಗಿಲಲ್ಲೇ ಇದೆ. ತರೀಕೆರೆಯ ಬಳಿಯ ಅಮೃತಾಪುರದಲ್ಲಿ ೧೧೯೬ರಲ್ಲಿ ಕಟ್ಟಿದ ಅಮೃತೇಶ್ವರ ದೇವಾಲಯದ ಶಾಸನವು ಜನ್ನನ ಕೃತಿ. ಜೈಮಿನಿ ಭಾರತದ ಲಕ್ಷ್ಮೀಶನ ಊರು ಕಡೂರು ತಾಲ್ಲೂಕಿನ ದೇವನೂರೆಂದು ಹಲವು ವಿದ್ವಾಂಸರ ಮತ. ಆ ಕಾವ್ಯದ ವಾರ್ಧಕ ಷಟ್ಪದಿಯು ಕಮಾನಿನ ಪಾಠಕ್ಕೆ ಬಹಳ ತಕ್ಕುದು.

ವಾರ್ಧಕದ ೧, ೨, ೪, ೫ನೆಯ ಪಾದಗಳಲ್ಲಿ ಐದು ಮಾತ್ರೆಯ ನಾಲ್ಕು ಗಣಗಳಿವೆ. ೩, ೬ನೆಯ ಪಾದಗಳಲ್ಲಿ ಆರು ಗಣಗಳೂ ಕೊನೆಗೊಂದು ಗುರುವೂ ಇವೆ. ಗಣಕ್ಕೊಂದು ಕಮಾನೆಂದು ಲೆಕ್ಕ ಹಾಕಿದರೆ ಕೂದಲಿನ ಸುಮಾರು ೬೫ ಸೆಂಟಿಮೀಟರು ಉದ್ದವು ಐದು ಪಾಲಾಗಿ, ಲಘುವಿಗೆ ೧೩, ಗುರುವಿಗೆ ೨೬ ಸೆಂಟಿಮೀಟರು ಸಲ್ಲುತ್ತದೆ. ಹ್ರಸ್ವದೀರ್ಘಗಳ ಭೇದವು ಕಣ್ಣಿಗೇ ಕಾಣುವಂತಾಗುತ್ತದೆ. ಇನ್ನೊಂದು ವಿಶೇಷವುಂಟು. ಪೂರ್ವಾರ್ಧಕ್ಕೆ ನಾಲ್ಕು, ನಾಲ್ಕು, ಏಳು, ಒಟ್ಟು ಹದಿನೈದು ಕಮಾನುಗಳು. ಸಂಖ್ಯೆಯು ಬೆಸವಾದುದರಿಂದ, ಪೂರ್ವಾರ್ಧವನ್ನು ಎಳೆತದಿಂದ ಪ್ರಾರಂಭಿಸಿದವನು ಉತ್ತರಾರ್ಧವನ್ನು ತಳ್ಳಿಕೆಯಿಂದ ಪ್ರಾರಂಭಿಸಲೇಬೇಕು. ಎಳೆತವು ಬಲವಾಗಿ ತಳ್ಳಿಕೆಯು ದುರ್ಬಲವಾಗುವ ಸಾಮಾನ್ಯ ದೋಷವು ಇಲ್ಲಿ ಅಡಗಿಕೊಳ್ಳಲಾರದು.

ಆದರೆ ಗಣದ ಕೊನೆಯೇ ಪದದ ಕೊನೆಯಲ್ಲ. ಅನೇಕ ಕಡೆ ಪದವು ಒಂದು ಗಣದಲ್ಲಿ ಮೊದಲಾಗಿ ಇನ್ನೊಂದರಲ್ಲಿ ಮುಗಿಯುತ್ತದೆ. ಅಲ್ಲಿ ಕಮಾನನ್ನು ಕುಕ್ಕಿ ತಿರುಗಿಸಿದರೆ ಪದವು ತುಂಡಾಗಿ ಅರ್ಥವು ಕೆಡುತ್ತದೆ. ಗಮಕಿಯು ಪದಮಧ್ಯದಲ್ಲಿ ಉಸಿರೆಳೆದುಕೊಂಡಂತೆ ಕೇಳುತ್ತದೆ. ಆದುದರಿಂದ ಮೊದಲು ಛಂದಸ್ಸಿನಂತೆ ಗಣಕ್ಕೊಂದು ಕಮಾನಾಗಿ ಸಾಧಿಸಿ, ಬಳಿಕ ಅನ್ವಯದಂತೆ ಎರಡು ಗಣಗಳನ್ನು ಒಂದೇ ಕಮಾನಿನಲ್ಲಿ ಕೂಡಿಸಿ ನುಡಿಸತಕ್ಕದ್ದು. ಒಂದೇ ಕಮಾನಿನೊಳಗೆ ಅಕ್ಷರವನ್ನು ಎತ್ತಿ ತೋರಿಸಬೇಕಾದಲ್ಲಿ ತೋರುಬೆರಳಿನ ಒತ್ತನ್ನು ಕ್ಷಣಮಾತ್ರ ಸಡಿಲಿಸಿದರೆ ಸಾಕು, ದಿಕ್ಕನ್ನು ಬದಲಾಯಿಸಬೇಕಾಗಿಲ್ಲ.

೫

ಸರಳೆವರಸೆಯನ್ನು ಮೂರು ಕಾಲಗಳಲ್ಲಿ ಸಾಧಿಸುವ ಪೂರ್ವಪದ್ಧತಿಯನ್ನು ಇದರಿಂದ ಬಿಡತಕ್ಕದ್ದಲ್ಲ. ಹಿಡಿತವು ಗಟ್ಟಿಯಾಗುವುದು ಅಲ್ಲಿಯೇ. ಆದರೆ ಸ್ವರಾಭ್ಯಾಸದಲ್ಲಿ ಕಮಾನಿನ ತಪ್ಪು ಕೇವಲ ನಾದದ ತಪ್ಪಾಗಿ ಉಳಿಯುತ್ತದೆ. ಪದ್ಯದಲ್ಲಿ ಅದು ಮಾತಿನ ತಪ್ಪಾಗುತ್ತದೆ. ಕೀರ್ತನೆಗೆ ಪಕ್ಕವಾದ್ಯವನ್ನು ನುಡಿಸುವವನಿಗೆ ಸಾಹಿತ್ಯವು ಕಂಠಪಾಠವಾಗಿರಬೇಕೆಂಬ ನಿಯಮದ ತಾತ್ಪರ್ಯವೂ ಇದೇ. ಭಾಷಾಧ್ಯಾಪಕನು ಪದವಿಭಾಗವನ್ನೂ ಸಂಗೀತಾಧ್ಯಾಪಕನು ಕಮಾನಿನ ವಿಭಾಗವನ್ನೂ ಒಂದೇ ಪದ್ಯದ ಮೇಲೆ ಜೊತೆಯಾಗಿ ಕಲಿಸಿದರೆ ಎರಡು ವಿದ್ಯೆಗಳಿಗೂ ಪ್ರಯೋಜನವುಂಟು.